ಓದುಗರ ಪ್ರಶ್ನೆ, ನಮ್ಮ ಉತ್ತರ: ಹದಿನೆಂಟು ಗೆದ್ದು ಒಂದು ಸೋತ ಪೇಟ್ರಿಯಟ್ಸ್

ಅಮೆರಿಕನ್ ಫುಟ್‌ಬಾಲ್ ಬಗ್ಗೆ ಬಂದ ಪತ್ರಗಳಲ್ಲಿ ಹೆಚ್ಚಿನವು ಒಂದೇ ತಂಡದ ಒಂದೇ ಸೀಸನ್ ಕುರಿತವು: ನ್ಯೂ ಇಂಗ್ಲೆಂಡ್ ಪೇಟ್ರಿಯಟ್ಸ್, 2007. ಹಾಗಾಗಿ ಈ ಸಲದ ಅಂಕಣ ಪೂರ್ತಿ ಅದಕ್ಕೇ.

ಲೀಗ್ ಹಂತದಲ್ಲಿ ಹದಿನಾರಕ್ಕೆ ಹದಿನಾರೂ ಗೆದ್ದ ತಂಡವನ್ನು ಸೋತ ತಂಡವೆಂದೇ ನೆನೆಯುತ್ತಾರಲ್ಲ, ಇದು ಯಾವ ನ್ಯಾಯ? (ಶಿವಮೊಗ್ಗ)

ಅಮೆರಿಕನ್ ಫುಟ್‌ಬಾಲ್‌ನ ಲೀಗ್ ಆದ ಎನ್‌ಎಫ್‌ಎಲ್‌ನಲ್ಲಿ ಲೀಗ್ ಹಂತದ ಗೆಲುವಿಗೆ ಕಪ್ ಇಲ್ಲ, ನಾಕೌಟ್‌ಗೆ ಪ್ರವೇಶ ಮಾತ್ರ. ಐಪಿಎಲ್‌ನಲ್ಲಿ ಮೊದಲೆರಡು ಸ್ಥಾನದವರು ಪ್ಲೇಆಫ್‌ನಲ್ಲಿ ಒಂದು ಸಲ ಸೋತರೂ ಇನ್ನೊಂದು ಅವಕಾಶ ಸಿಗುತ್ತದೆ. ಇಲ್ಲಿ ಸೋತವರು ಅಂದೇ ಮನೆಗೆ. 2007ರಲ್ಲಿ 32 ತಂಡಗಳಿದ್ದವು. ಎಎಫ್‌ಸಿ, ಎನ್‌ಎಫ್‌ಸಿ ಎಂಬ ಎರಡು ಬಣ, ಬಣಕ್ಕೆ ನಾಲ್ಕು ಡಿವಿಷನ್, ಡಿವಿಷನ್‌ಗೆ ನಾಲ್ಕು ತಂಡ. ಬಣಕ್ಕೆ ಆರರಂತೆ ಹನ್ನೆರಡು ತಂಡಗಳು ನಾಕೌಟ್ ಸೇರುತ್ತಿದ್ದವು. ಬಣದ ಮೊದಲೆರಡು ತಂಡಗಳಿಗೆ ಮೊದಲ ಸುತ್ತಿನಲ್ಲಿ ವಿಶ್ರಾಂತಿ ಇತ್ತು. ಪೇಟ್ರಿಯಟ್ಸ್ ಲೀಗ್‌ನ 16ನ್ನೂ ಗೆದ್ದಿತು, ನಾಕೌಟ್‌ನಲ್ಲಿ ಜಾಗ್ವಾರ್ಸ್ (31-20) ಮತ್ತು ಚಾರ್ಜರ್ಸ್ (21-12) ತಂಡಗಳನ್ನು ಸೋಲಿಸಿತು. ಆದರೆ 2008ರ ಫೆಬ್ರವರಿ 3ರಂದು ಅರಿಜೋನಾದ ಗ್ಲೆಂಡೇಲ್‌ನಲ್ಲಿ ನಡೆದ ಫೈನಲ್, ಅಂದರೆ ಸೂಪರ್ ಬೌಲ್‌ನಲ್ಲಿ ನ್ಯೂಯಾರ್ಕ್ ಜೈಂಟ್ಸ್‌ಗೆ 17-14ರಿಂದ ಶರಣಾಯಿತು. ಒಂದೂ ಸೋಲದೆ, ಡ್ರಾ ಕೂಡ ಇಲ್ಲದೆ ಸೂಪರ್ ಬೌಲ್‌ವರೆಗೆ ಎಲ್ಲ ಗೆದ್ದ ತಂಡ ಈಗಲೂ ಒಂದೇ: 1972ರ ಮಯಾಮಿ ಡಾಲ್ಫಿನ್ಸ್, 17ಕ್ಕೆ 17.

ವೇಳಾಪಟ್ಟಿ ಯಾರು ಹಾಕುತ್ತಾರೆ? ಇವರಿಗೆ ಸುಲಭದ ಎದುರಾಳಿಗಳು ಸಿಕ್ಕಿದ್ದರೇ? (ಹುಬ್ಬಳ್ಳಿ)

ದಿನಾಂಕ, ವೇಳೆ ಲೀಗ್‌ನ ಕೈಯಲ್ಲಿದೆ. ಎದುರಾಳಿ ಯಾರೆಂಬುದನ್ನು ಸೂತ್ರವೇ ನಿರ್ಧರಿಸುತ್ತದೆ. ಅಂದಿನ ಲೆಕ್ಕ ಹೀಗೆ: ಸ್ವಂತ ಡಿವಿಷನ್‌ನ ಮೂರು ತಂಡಗಳ ಜತೆ ತವರಲ್ಲೊಂದು, ಹೊರಗೊಂದು, ಒಟ್ಟು 6 ಪಂದ್ಯ. ಸರದಿಯಂತೆ ಬರುವ ಸ್ವಂತ ಬಣದ ಇನ್ನೊಂದು ಡಿವಿಷನ್ ಎದುರು 4, ಆಚೆ ಬಣದ ಒಂದು ಡಿವಿಷನ್ ಎದುರು 4. ಉಳಿದ 2 ಪಂದ್ಯ, ಸ್ವಂತ ಬಣದ ಮಿಕ್ಕೆರಡು ಡಿವಿಷನ್‌ಗಳಲ್ಲಿ ಹಿಂದಿನ ವರ್ಷ ನಿಮ್ಮಷ್ಟೇ ಸ್ಥಾನ ಪಡೆದವರ ಜತೆ. 2006ರಲ್ಲಿ ಪೇಟ್ರಿಯಟ್ಸ್ ಡಿವಿಷನ್‌ನ ಅಗ್ರಸ್ಥಾನದಲ್ಲಿತ್ತು, ಹಾಗಾಗಿ ಇನ್ನಿಬ್ಬರು ಅಗ್ರಸ್ಥಾನಿಗಳಾದ ಕೋಲ್ಟ್ಸ್ ಮತ್ತು ಚಾರ್ಜರ್ಸ್ ಎದುರಾದರು. ಆಚೆ ಬಣದಿಂದ ಕೌಬಾಯ್ಸ್, ಜೈಂಟ್ಸ್ ಇದ್ದ ಡಿವಿಷನ್ನೇ ಬಂತು. ಸುಲಭವೆನ್ನಲು ಬಾರದು. 2021ರಿಂದ ಪಂದ್ಯಗಳು 17, ವಾರಗಳು 18. ಹೆಚ್ಚುವರಿ ಪಂದ್ಯ ಆಚೆ ಬಣದ ಸಮಸ್ಥಾನಿಯ ಜತೆ.

ಒಂದೇ ವರ್ಷದಲ್ಲಿ ಆ ಪರಿ ಅಂಕ ಬಂದದ್ದು ಹೇಗೆ? (ಮೈಸೂರು)

ಹಿಂದಿನ ವರ್ಷದ ತಂಡಕ್ಕೆ ಒಳ್ಳೆಯ ರಿಸೀವರ್‌ಗಳು (ಎಸೆದ ಚೆಂಡು ಹಿಡಿಯುವವರು) ಇರಲಿಲ್ಲ. 2007ರ ವಸಂತದಲ್ಲಿ ಡಾಲ್ಫಿನ್ಸ್‌ನಿಂದ ವೆಸ್ ವೆಲ್ಕರ್ ಬಂದರು; ಅವರಿಗಾಗಿ ಕೊಟ್ಟದ್ದು ಡ್ರಾಫ್ಟ್‌ನ (ಹೊಸ ಆಟಗಾರರನ್ನು ತಂಡಗಳು ಸರದಿಯಂತೆ ಆರಿಸಿಕೊಳ್ಳುವ ಪದ್ಧತಿ) ಎರಡನೇ ಮತ್ತು ಏಳನೇ ಸುತ್ತಿನ ಆಯ್ಕೆಯ ಹಕ್ಕು. ಓಕ್ಲೆಂಡ್ ರೇಡರ್ಸ್‌ನಿಂದ ರ‍್ಯಾಂಡಿ ಮಾಸ್ ಬಂದರು, ಬರೀ ನಾಲ್ಕನೇ ಸುತ್ತಿನ ಒಂದು ಹಕ್ಕಿಗೆ. ಚೌಕಾಸಿ ಎಂದರೆ ಇದು.

ಕೆಲಸ ನಡೆದ ಬಗೆ ಸರಳ. ಮಾಸ್ ಎತ್ತರದ ಆಳು, ಓಟ ಅದಕ್ಕಿಂತ ಜೋರು. ಅವರು ನೇರ ಆಳಕ್ಕೆ ಓಡಿದರೆ ಕಾಯುವವನ ಜತೆಗೆ ಹಿಂದಿನ ಸೇಫ್ಟಿ ಆಟಗಾರನೂ ಅವರತ್ತಲೇ ವಾಲಬೇಕು. ಆಗ ನಡುವೆ ಜಾಗ ಬಿಡುತ್ತದೆ, ಅಲ್ಲಿ ಐದಾರು ಗಜಕ್ಕೆ ವೆಲ್ಕರ್ ತಿರುಗಿ ನಿಂತಿರುತ್ತಾರೆ. ವೆಲ್ಕರ್‌ನ ತಡೆಯಲು ಸೇಫ್ಟಿ ಮುಂದೆ ಬಂದನೋ, ಚೆಂಡು ಮಾಸ್ ತಲೆಯ ಮೇಲೆ. ವೆಲ್ಕರ್ ಆ ಸಲ 112 ಪಾಸ್ ಹಿಡಿದರು. ಮಾಸ್ 23 ಟಚ್‌ಡೌನ್ (ಎದುರಾಳಿಯ ಗೋಲ್ ಗೆರೆಯಾಚೆ ಚೆಂಡು ತಲುಪಿಸುವುದು) ಹಿಡಿದು ಜೆರಿ ರೈಸ್ ಅವರ 22ರ ದಾಖಲೆ ಮುರಿದರು. ಚೆಂಡು ಎಸೆಯುವ ಕ್ವಾರ್ಟರ್‌ಬ್ಯಾಕ್ ಟಾಮ್ ಬ್ರೇಡಿ ಎಸೆದ ಟಚ್‌ಡೌನ್ 50, ಎದುರಾಳಿಗಳ ಕೈಸೇರಿದ ಎಸೆತ 8 ಮಾತ್ರ. ತಂಡದ ಒಟ್ಟು ಅಂಕ 589. ಅದನ್ನು 2013ರಲ್ಲಿ ಡೆನ್ವರ್ ಬ್ರಾಂಕೋಸ್ (606) ದಾಟಿತು.

ಬ್ರೇಡಿಯ 50ನೆಯದೂ ಮಾಸ್‌ರ 23ನೆಯದೂ ಒಂದೇ ಎಸೆತ. ಜೈಂಟ್ಸ್ ಎದುರಿನ ಕೊನೆಯ ಲೀಗ್ ಪಂದ್ಯ, ನಾಲ್ಕನೇ ಕ್ವಾರ್ಟರ್. ಆಳಕ್ಕೆ ಎಸೆದ ಚೆಂಡೊಂದನ್ನು ಮಾಸ್ ಆಗಷ್ಟೇ ಕೈಚೆಲ್ಲಿದ್ದರು. ಮರು ಎಸೆತವೂ ಅವರಿಗೇ, ಆಳಕ್ಕೇ. ಈ ಸಲ 65 ಗಜ, ಟಚ್‌ಡೌನ್.

ಕ್ಯಾಮೆರಾ ಹಗರಣ ಇದೇ ವರ್ಷದ್ದೇ? (ಮಂಗಳೂರು)

ಹೌದು. ಸೆಪ್ಟೆಂಬರ್ 9ರ ಮೊದಲ ಪಂದ್ಯದಲ್ಲಿ ನ್ಯೂಯಾರ್ಕ್ ಜೆಟ್ಸ್ ಕೋಚ್‌ಗಳ ಕೈಸನ್ನೆಗಳನ್ನು ನಿಷೇಧಿತ ಜಾಗದಿಂದ ಚಿತ್ರೀಕರಿಸಿದ್ದಕ್ಕೆ ಪೇಟ್ರಿಯಟ್ಸ್ ಕೋಚ್ ಬಿಲ್ ಬೆಲಿಚಿಕ್‌ಗೆ 5 ಲಕ್ಷ ಡಾಲರ್, ತಂಡಕ್ಕೆ 2.5 ಲಕ್ಷ ಡಾಲರ್ ದಂಡ ಬಿತ್ತು. 2008ರ ಡ್ರಾಫ್ಟ್‌ನ ಮೊದಲ ಸುತ್ತಿನ ಹಕ್ಕೂ ಹೋಯಿತು. ಶ್ರೀಮಂತ ಲೀಗ್‌ನಲ್ಲಿ ನಿಜವಾದ ಶಿಕ್ಷೆ ಆ ಕೊನೆಯದೇ.

ಫೈನಲ್‌ಗೆ ಮುಂಚೆ ಇವರನ್ನು ಯಾರೂ ಅಲ್ಲಾಡಿಸಲೇ ಇಲ್ಲವೇ? (ದಾವಣಗೆರೆ)

ಅಲ್ಲಾಡಿಸಿದರು, ಬೀಳಿಸಲಿಲ್ಲ. ಮೊದಲ ಎಂಟು ಪಂದ್ಯಗಳನ್ನು ನೋಡಿ: ಅತಿ ಕಡಿಮೆ ಅಂತರವೇ 17 ಅಂಕ. ನಂತರದ ಎಂಟರಲ್ಲಿ ನಾಲ್ಕು ಪಂದ್ಯ ನಾಲ್ಕೋ ಅದಕ್ಕಿಂತ ಕಡಿಮೆಯೋ ಅಂಕದಲ್ಲಿ ಮುಗಿದವು: ಕೋಲ್ಟ್ಸ್ 24-20, ಈಗಲ್ಸ್ 31-28, ರೇವನ್ಸ್ 27-24, ಜೈಂಟ್ಸ್ 38-35. ಮೊದಲರ್ಧದಲ್ಲಿ 331 ಅಂಕ ಗಳಿಸಿದವರು ದ್ವಿತೀಯಾರ್ಧದಲ್ಲಿ ಗಳಿಸಿದ್ದು 258. ಗೆಲುವಿನ ಪಟ್ಟಿಯನ್ನಷ್ಟೇ ನೋಡಿದವರಿಗೆ ಇದು ಕಾಣಿಸಲಿಲ್ಲ.

ಇವುಗಳಲ್ಲಿ ಬಾಲ್ಟಿಮೋರ್‌ನ ಡಿಸೆಂಬರ್ 3ರ ಪಂದ್ಯವನ್ನು ಪೂರ್ತಿ ನೋಡಿ. ರೇವನ್ಸ್ 24-20ರಿಂದ ಮುಂದಿದೆ, ಎರಡು ನಿಮಿಷವೂ ಉಳಿದಿಲ್ಲ. ಹತ್ತು ಗಜ ಮುಂದುವರಿಯಲು ನಾಲ್ಕು ಯತ್ನ ಸಿಗುತ್ತವೆ. ಪೇಟ್ರಿಯಟ್ಸ್ ನಾಲ್ಕನೆಯದರಲ್ಲಿದೆ, ಬೇಕಿರುವುದು ಒಂದು ಗಜ. ಬ್ರೇಡಿ ನುಗ್ಗಿದರು, ರೇವನ್ಸ್ ತಡೆದರು, ಪಂದ್ಯ ಮುಗಿಯಿತು ಅನ್ನುವಷ್ಟರಲ್ಲಿ ಗೊತ್ತಾಯಿತು: ಚೆಂಡು ಹೊರಡುವ ಮೊದಲೇ ರೇವನ್ಸ್‌ನ ರಕ್ಷಣಾ ಕೋಚ್ ರೆಕ್ಸ್ ರಯಾನ್ ಟೈಮ್‌ಔಟ್ ಕೇಳಿದ್ದರು! ಮತ್ತೆ ಯತ್ನ, ಮತ್ತೆ ತಡೆದರು. ಆದರೆ ಪೇಟ್ರಿಯಟ್ಸ್ ಆಟಗಾರ ಮೊದಲೇ ಅಲುಗಾಡಿದ್ದರಿಂದ ಅದೂ ರದ್ದು. ಐದು ಗಜ ದಂಡ ತೆತ್ತರೂ ತಪ್ಪೇ ಅವರನ್ನು ಉಳಿಸಿತು. ಈಗ ಆರು ಗಜ ಬೇಕು. ಬ್ರೇಡಿ ತಾವೇ 12 ಗಜ ಓಡಿದರು. ಇನ್ನೊಂದು ನಾಲ್ಕನೇ ಯತ್ನವೂ ವಿಫಲವಾಯಿತು, ಆಗ ರೇವನ್ಸ್ ಆಟಗಾರ ರಿಸೀವರ್‌ನನ್ನು ಹಿಡಿದೆಳೆದನೆಂದು ಮತ್ತೆ ಅವಕಾಶ. ಕಡೆಗೆ 44 ಸೆಕೆಂಡ್ ಉಳಿದಾಗ ಜಬಾರ್ ಗ್ಯಾಫ್ನಿಗೆ ಎಂಟು ಗಜದ ಟಚ್‌ಡೌನ್.

ಫೈನಲ್‌ನಲ್ಲಿ ಜೈಂಟ್ಸ್ ಗೆದ್ದದ್ದು ಹೆಲ್ಮೆಟ್‌ಗೆ ಒತ್ತಿ ಹಿಡಿದ ಆ ಒಂದು ಕ್ಯಾಚ್‌ನ ಅದೃಷ್ಟದಿಂದ ಅಲ್ಲವೇ? (ಬೆಂಗಳೂರು)

ಆ ಕ್ಯಾಚ್‌ನಲ್ಲಿ ಅದೃಷ್ಟ ಇತ್ತು, ಗೆಲುವಿನಲ್ಲಿ ಅಷ್ಟಿರಲಿಲ್ಲ. ಅದನ್ನು ಹಿಡಿದ ಜೈಂಟ್ಸ್ ರಿಸೀವರ್ ಡೇವಿಡ್ ಟೈರಿ ಲೀಗ್ ಹಂತದಲ್ಲಿ ಹಿಡಿದಿದ್ದೇ ನಾಲ್ಕು ಪಾಸ್. 1 ನಿಮಿಷ 15 ಸೆಕೆಂಡ್ ಉಳಿದಾಗ, ಅಂಗಿ ಹಿಡಿದೆಳೆಯುತ್ತಿದ್ದವರಿಂದ ತಪ್ಪಿಸಿಕೊಂಡ ಜೈಂಟ್ಸ್ ಕ್ವಾರ್ಟರ್‌ಬ್ಯಾಕ್ ಈಲಾಯ್ ಮ್ಯಾನಿಂಗ್ ಎಸೆದ ಚೆಂಡನ್ನು ಟೈರಿ ಎಗರಿ ಹಿಡಿದು, ಬಲಗೈಯಿಂದ ಹೆಲ್ಮೆಟ್‌ಗೆ ಅದುಮಿಕೊಂಡೇ ಬಿದ್ದರು. ಪೇಟ್ರಿಯಟ್ಸ್‌ನ ರಾಡ್ನಿ ಹ್ಯಾರಿಸನ್ ಕೈ ಎಳೆಯುತ್ತಿದ್ದರೂ ಚೆಂಡು ನೆಲ ಮುಟ್ಟಲಿಲ್ಲ. 32 ಗಜ. ಅದರ ಹಿಂದಿನ ಎಸೆತ ಪೇಟ್ರಿಯಟ್ಸ್‌ನ ಅಸಾಂಟೆ ಸ್ಯಾಮ್ಯುಯೆಲ್ ಬೆರಳು ಸವರಿಕೊಂಡು ಹೋಗಿತ್ತು. ಇಷ್ಟಾದರೂ ಜೈಂಟ್ಸ್ ಇನ್ನೂ 14-10ರಿಂದ ಹಿಂದೆಯೇ ಇತ್ತು, 24 ಗಜ ಬಾಕಿ ಇತ್ತು. ಸ್ಟೀವ್ ಸ್ಮಿತ್ 12 ಗಜದ ಪಾಸ್ ಹಿಡಿದ ಮೇಲೆ, 35 ಸೆಕೆಂಡ್ ಉಳಿದಿದ್ದಾಗ ಪ್ಲಾಕ್ಸಿಕೊ ಬರೆಸ್‌ಗೆ ಗೆಲುವಿನ ಟಚ್‌ಡೌನ್.

ಅಸಲು ಪ್ರಶ್ನೆ, ಪಂದ್ಯಕ್ಕೆ ಸರಾಸರಿ 37 ಅಂಕ ಗಳಿಸುತ್ತಿದ್ದ ತಂಡ 14ಕ್ಕೆ ನಿಂತದ್ದೇಕೆ? ಕ್ವಾರ್ಟರ್‌ಬ್ಯಾಕ್ ಮೇಲೆ ಐದಾರು ಮಂದಿಯನ್ನು ನುಗ್ಗಿಸಿದರೆ ಹಿಂದೆ ಕಾವಲು ತೆಳುವಾಗುತ್ತದೆ. ಬ್ರೇಡಿ ಅಂಥ ತಂಡಗಳನ್ನು ಸುಲಿದು ಹಾಕುತ್ತಿದ್ದರು. ಜೈಂಟ್ಸ್‌ಗೆ ಬಹುತೇಕ ನಾಲ್ವರೇ ಸಾಕಾದರು, ಉಳಿದ ಏಳು ಮಂದಿ ಮಾಸ್, ವೆಲ್ಕರ್‌ರನ್ನು ಕಾದರು. ರಕ್ಷಣಾ ಕೋಚ್ ಸ್ಟೀವ್ ಸ್ಪಾಗ್ನುವೊಲೊ ಮಾಡಿದ ಉಪಾಯವೆಂದರೆ, ಅಂಚಿನಲ್ಲಿ ಆಡುವ ಚುರುಕು ಆಟಗಾರ ಜಸ್ಟಿನ್ ಟಕ್‌ರನ್ನು ಪಾಸ್ ಖಚಿತವಿರುವಾಗ ಒಳಗೆ ತಂದದ್ದು. ಕ್ವಾರ್ಟರ್‌ಬ್ಯಾಕ್‌ನನ್ನು ಕಾಯುವ ಒಳಗಿನ ಗಾರ್ಡ್‌ಗಳು ಭಾರದ ಆಳುಗಳು, ಅಂಥ ವೇಗಕ್ಕೆ ತಕ್ಕವರಲ್ಲ. ಸಾಲದ್ದಕ್ಕೆ ರೈಟ್ ಗಾರ್ಡ್ ಸ್ಟೀಫನ್ ನೀಲ್ ಗಾಯಗೊಂಡು ಹೊರನಡೆದರು. 16 ಪಂದ್ಯಗಳಲ್ಲಿ 21 ಸಲ ಕೆಡವಿಸಿಕೊಂಡಿದ್ದ ಬ್ರೇಡಿ ಅಂದು ಒಂದೇ ಪಂದ್ಯದಲ್ಲಿ ಐದು ಸಲ ನೆಲಕ್ಕುರುಳಿದರು. ಮಾಸ್ ಆಳಕ್ಕೆ ಓಡಿ ಮುಗಿಸಲು ಬೇಕಾದಷ್ಟು ಹೊತ್ತು ಚೆಂಡು ಕೈಯಲ್ಲಿಟ್ಟುಕೊಳ್ಳಲು ಅವರಿಗೆ ಆಗಲಿಲ್ಲ. ಜೈಂಟ್ಸ್ ಇನ್ನೊಂದು ಕೆಲಸವನ್ನೂ ಮಾಡಿತು: ಮೊದಲ ಸರದಿಯಲ್ಲೇ 9 ನಿಮಿಷ 59 ಸೆಕೆಂಡ್ ಚೆಂಡನ್ನು ತನ್ನಲ್ಲೇ ಇಟ್ಟುಕೊಂಡಿತು. ಬ್ರೇಡಿ ಅಷ್ಟು ಹೊತ್ತು ಬೆಂಚಿನ ಮೇಲೆ.

ಅದೇ ಪಂದ್ಯದಲ್ಲಿ 7-3 ಇದ್ದಾಗ ಪೇಟ್ರಿಯಟ್ಸ್ ಫೀಲ್ಡ್ ಗೋಲ್ (ಕಂಬಗಳ ನಡುವೆ ಒದ್ದರೆ ಮೂರು ಅಂಕ) ಒದೆಯಲಿಲ್ಲ. ಕೊನೆಗೆ ಸೋತ ಅಂತರವೂ ಮೂರೇ ಅಂಕ. ಕೋಚ್ ತಪ್ಪೇ? (ಧಾರವಾಡ)

ಮೂರನೇ ಕ್ವಾರ್ಟರ್. ಚೆಂಡು 25 ಗಜದ ಗೆರೆಯಲ್ಲಿದ್ದಾಗ ಜೈಂಟ್ಸ್‌ನ ಮೈಕಲ್ ಸ್ಟ್ರೇಹನ್ ಬ್ರೇಡಿಯನ್ನು ಕೆಡವಿ ಆರು ಗಜ ಹಿಂದಕ್ಕೆ ತಳ್ಳಿದರು. ಈಗ ನಾಲ್ಕನೇ ಯತ್ನ, 13 ಗಜ ಬೇಕು, ಚೆಂಡು 31ರಲ್ಲಿ. ಒದೆಯುವ ದೂರ ಅಷ್ಟೇ ಅಲ್ಲ: ಕಂಬ ಇರುವುದು ಗೋಲ್ ಗೆರೆಯಿಂದ 10 ಗಜ ಹಿಂದೆ, ಚೆಂಡಿಟ್ಟು ಒದೆಯುವುದು ಏಳೆಂಟು ಗಜ ಈಚೆಯಿಂದ. ಒಟ್ಟು 48-49 ಗಜ. ತಪ್ಪಿದರೆ ಒದ್ದ ಜಾಗದಿಂದಲೇ ಎದುರಾಳಿಗೆ ಚೆಂಡು, ಅಂದರೆ 38-39ರಿಂದ. ಎತ್ತಿ ಒದ್ದು ಕೊಟ್ಟರೆ ಚೆಂಡು ಗೋಲ್ ಗೆರೆ ದಾಟಿ 20ಕ್ಕೆ ವಾಪಸಾಗುವ ಸಂಭವ. ಲಾಭ 11 ಗಜ. ಬೆಲಿಚಿಕ್ ಎಸೆಯಲು ಹೇಳಿದರು, ಗ್ಯಾಫ್ನಿಗೆ ಎಸೆದದ್ದು ಕೈಗೆಟುಕಲಿಲ್ಲ. ಒಂದೆರಡು ಗಜ ಬೇಕಿದ್ದರೆ ಈ ಧೈರ್ಯ ಸರಿ. 13 ಗಜಕ್ಕೆ, ಅದೂ ಬ್ರೇಡಿಗೆ ಉಸಿರಾಡಲು ಬಿಡದ ದಿನ, ಒದೆಯುವುದೇ ಸರಿಯಿತ್ತು ಎಂಬುದು ನಮ್ಮ ಅಭಿಪ್ರಾಯ. ಗಾಳಿಯ ನೆಪವೂ ಇರಲಿಲ್ಲ, ಚಾವಣಿ ಮುಚ್ಚಿದ ಕ್ರೀಡಾಂಗಣ.

ಮರುವರ್ಷ 11 ಗೆದ್ದೂ ಪೇಟ್ರಿಯಟ್ಸ್ ನಾಕೌಟ್ ಸೇರಲಿಲ್ಲವಂತೆ? (ತುಮಕೂರು)

2008ರ ಮೊದಲ ಪಂದ್ಯದಲ್ಲೇ ಬ್ರೇಡಿಯ ಮೊಣಕಾಲು ಹೋಯಿತು. ಮ್ಯಾಟ್ ಕ್ಯಾಸಲ್ ನಡೆಸಿದ ತಂಡ 11 ಗೆದ್ದು 5 ಸೋತಿತು. ಅದೇ ಡಿವಿಷನ್‌ನ ಡಾಲ್ಫಿನ್ಸ್‌ದೂ ಅದೇ ಲೆಕ್ಕ. ಸಮಬಲವಾದರೆ ಮೊದಲು ಪರಸ್ಪರ ಪಂದ್ಯ ನೋಡುತ್ತಾರೆ (1-1), ಆಮೇಲೆ ಡಿವಿಷನ್ ಒಳಗಿನ ಫಲಿತಾಂಶ (ಇಬ್ಬರೂ 4-2), ಆಮೇಲೆ ಇಬ್ಬರೂ ಆಡಿದ ಸಮಾನ ಎದುರಾಳಿಗಳು (ಅಲ್ಲೂ ಸಮ), ನಂತರ ಬಣದೊಳಗಿನ ಗೆಲುವು. ಡಾಲ್ಫಿನ್ಸ್ 8-4, ಪೇಟ್ರಿಯಟ್ಸ್ 7-5. ಡಿವಿಷನ್ ಗೆಲ್ಲದವರಿಗಿರುವ ಹೆಚ್ಚುವರಿ ಸ್ಥಾನಕ್ಕೂ ಅದೇ ಲೆಕ್ಕದಲ್ಲಿ ರೇವನ್ಸ್ ಮುಂದಾಯಿತು. ಅತ್ತ ಎಂಟು ಗೆದ್ದು ಎಂಟು ಸೋತ ಚಾರ್ಜರ್ಸ್ ತನ್ನ ಡಿವಿಷನ್‌ನ ಅಗ್ರಸ್ಥಾನದಿಂದಾಗಿ ಒಳಬಂತು.

ನಮ್ಮಲ್ಲಿ ಯಾವ ಹೊತ್ತಿಗೆ ನೋಡಬಹುದು? (ಉಡುಪಿ)

ಅಮೆರಿಕದ ಪೂರ್ವ ಕರಾವಳಿಯ ಭಾನುವಾರ ಮಧ್ಯಾಹ್ನ 1ರ ಪಂದ್ಯ ನಮಗೆ ರಾತ್ರಿ 10.30ಕ್ಕೆ, ನವೆಂಬರ್ ಮೊದಲ ಭಾನುವಾರ ಅಲ್ಲಿ ಗಡಿಯಾರ ಹಿಂದಿಟ್ಟ ಮೇಲೆ 11.30ಕ್ಕೆ. ಸಂಜೆ 6.30ರ ಸೂಪರ್ ಬೌಲ್ ಸೋಮವಾರ ಬೆಳಗಿನ 5ಕ್ಕೆ. ಆಟದ ಗಡಿಯಾರ 60 ನಿಮಿಷ ಎಂದು ನಂಬಿ ಕೂರಬೇಡಿ, ಮುಗಿಯಲು ಮೂರು ಗಂಟೆಯ ಮೇಲಾಗುತ್ತದೆ. ಸೂಪರ್ ಬೌಲ್‌ಗೆ ನಡುವಿನ ಸಂಗೀತ ಕಾರ್ಯಕ್ರಮವೂ ಸೇರಿ ಇನ್ನೂ ಹೆಚ್ಚು.