ಓದುಗರ ಪ್ರಶ್ನೆ: ಫ್ರಾಂಚೆಸ್ಕಾ ಬೆರ್ತಿನಿ ಬರೀ ನಟಿಯೇ?

ಪ್ರಶ್ನೆ: ನಮ್ಮ ಕಾಲೇಜಿನಲ್ಲಿ 1915ರ ಇಟಲಿಯ ಮೂಕಿ ಚಿತ್ರ 'ಅಸ್ಸುಂತಾ ಸ್ಪಿನಾ' ತೋರಿಸಿದರು. ನಾಯಕಿ ಫ್ರಾಂಚೆಸ್ಕಾ ಬೆರ್ತಿನಿ ಇನ್ನೂ ಕಣ್ಣಿಗೆ ಕಟ್ಟಿದಂತಿದ್ದಾರೆ. ಯಾರು ಇವರು? ಆಮೇಲೆ ಏನಾದರು?
— ವಿದ್ಯಾರ್ಥಿನಿ, ಬಳ್ಳಾರಿ

ಉತ್ತರ: ಒಳ್ಳೇ ಚಿತ್ರ ನೋಡಿದ್ದೀರಿ. ಬೆರ್ತಿನಿ ಹುಟ್ಟಿದ್ದು 1892ರಲ್ಲಿ ಫ್ಲಾರೆನ್ಸಿನಲ್ಲಿ, ಬೆಳೆದದ್ದು ನೇಪಲ್ಸಿನಲ್ಲಿ. ಅಸ್ಸುಂತಾ ಅದೇ ನೇಪಲ್ಸಿನಲ್ಲಿ ಬಟ್ಟೆ ಒಗೆದು ಬದುಕುವ ಹೆಣ್ಣು. ಚಿತ್ರದ ಬೀದಿಗಳು ಸೆಟ್ ಅಲ್ಲ, ಊರಿನ ನಿಜವಾದ ಬೀದಿಗಳೇ. ಆಕೆಯ ಶಾಲು ಗಮನಿಸಿದಿರಾ? ಅದನ್ನು ಹೆಗಲ ಮೇಲೆ ಎಳೆದುಕೊಳ್ಳುವುದು, ಮೈಗೆ ಬಿಗಿಯಾಗಿ ಸುತ್ತಿಕೊಳ್ಳುವುದು, ಆ ಕೈಗಳಲ್ಲೇ ಅರ್ಧ ಕಥೆ ಇದೆ. ಆ ಕಾಲದ ಇಟಲಿಯ ದೊಡ್ಡ ನಟಿಯರು ಜಾಸ್ತಿ ಭಂಗಿಯನ್ನೇ ನಂಬಿದ್ದರು. ಇಲ್ಲಿ ಬೆರ್ತಿನಿ ನಂಬಿದ್ದು ಬೀದಿಯ ಹೆಂಗಸರ ನಡೆಯನ್ನ.

ಈಗ ಮುಖ್ಯ ವಿಷಯ. ನಿರ್ದೇಶಕ ಅಂತ ಹೆಸರಿರುವುದು ಗುಸ್ತಾವೊ ಸೆರೇನಾ ಅವರದು, ಪ್ರಿಯಕರ ಮಿಕೆಲೆ ಆಗಿ ನಟಿಸಿದವರೂ ಅವರೇ. ಆದರೆ ನಿರ್ದೇಶನದ ಕೆಲಸ ತನ್ನದು ಅಂತ ಬೆರ್ತಿನಿ ಮುಂದೆ ಹೇಳಿಕೊಂಡರು, ಅದರಲ್ಲಿ ಅವರ ಕೈ ದೊಡ್ಡದಿತ್ತು ಅಂತ ಸೆರೇನಾ ಕೂಡ ಒಪ್ಪಿಕೊಂಡರು. ಹಾಗಿದ್ದ ಮೇಲೆ ಇಬ್ಬರ ಹೆಸರನ್ನೂ ಹಾಕುವುದೇ ನ್ಯಾಯ, ಅಲ್ವಾ? ಈಗ ಹಲವರು ಹಾಗೇ ಹಾಕುತ್ತಾರೆ. ನಿಮ್ಮ ಕಾಲೇಜಿನವರೂ ಹಾಕಲಿ.

ಇದಕ್ಕೂ ಒಂದು ವರ್ಷ ಮೊದಲು, 1914ರಲ್ಲಿ, ಅವರು ಪಿಯರೋ ಅನ್ನುವ ಬಿಳಿ ಮುಖದ ವಿದೂಷಕನ, ಅಂದರೆ ಗಂಡಿನ ಪಾತ್ರ ಮಾಡಿದ್ದರು. ನಮ್ಮ ರಂಗಭೂಮಿಯಲ್ಲಿ ಆಗ ಗಂಡಸರೇ ಸೀರೆ ಉಡುತ್ತಿದ್ದರು. ಹೆಣ್ಣಿನ ಪಾತ್ರ ಹೆಣ್ಣೇ ಮಾಡಬೇಕು ಅಂತ ನಿಮ್ಮೂರಿನ ಬಳ್ಳಾರಿ ರಾಘವರು ಎಷ್ಟು ಒದ್ದಾಡಿದರು ಅನ್ನುವುದು ನಿಮಗೆ ಗೊತ್ತೇ ಇರುತ್ತದೆ.

ಆಮೇಲೆ? 1921ರಲ್ಲಿ ಸ್ವಿಸ್ ಬ್ಯಾಂಕರ್ ಒಬ್ಬರನ್ನು ಮದುವೆಯಾದರು. ಹಾಲಿವುಡ್‌ನ ಫಾಕ್ಸ್ ಕಂಪನಿ ಕರೆದರೂ ಹೋಗಲಿಲ್ಲ. ಸುಮ್ನೆ ಮದುವೆಯಿಂದಲೇ ಎಲ್ಲ ಮುಗಿಯಿತು ಅನ್ನೋಕಾಗಲ್ಲ. ಮಹಾಯುದ್ಧದ ನಂತರ ಇಟಲಿಯ ಚಿತ್ರೋದ್ಯಮವೇ ನೆಲಕಚ್ಚಿತ್ತು. ಆಗೊಮ್ಮೆ ಈಗೊಮ್ಮೆ ನಟಿಸಿದರು. 1976ರಲ್ಲಿ ನಿರ್ದೇಶಕ ಬೆರ್ತೊಲುಚ್ಚಿಯ 'ನೊವೆಚೆಂತೊ' ಚಿತ್ರದಲ್ಲಿ ಸನ್ಯಾಸಿನಿಯಾಗಿ ಬಂದರು. 1985ರಲ್ಲಿ ರೋಮಿನಲ್ಲಿ ತೀರಿಕೊಂಡರು.

ಅದಕ್ಕೂ ಮೂರು ವರ್ಷ ಮೊದಲು ನಿರ್ದೇಶಕ ಜಾನ್‌ಫ್ರಾಂಕೊ ಮಿಂಗೊಜ್ಜಿ ಬೆರ್ತಿನಿಯ ಮೇಲೆ 'ಲುಲ್ತಿಮಾ ದೀವಾ' ಎಂಬ ಸಾಕ್ಷ್ಯಚಿತ್ರ ಮಾಡಿದರು. ಅದರಲ್ಲಿ ಮುದುಕಿಯಾದ ಬೆರ್ತಿನಿ 'ಅಸ್ಸುಂತಾ ಸ್ಪಿನಾ' ನೋಡುತ್ತಾ ತಾವೇ ವಿವರಿಸುತ್ತಾರೆ. ಸಿಕ್ಕರೆ ಖಂಡಿತ ನೋಡಿ, ಗೆಳತಿಯರಿಗೂ ತೋರಿಸಿ.