ಮಾರ್ಷಲ್ ದ್ವೀಪಗಳ ಜನರ ಬದುಕು, ಸಂಸ್ಕೃತಿ ತೋರಿಸುವ ಸಿನಿಮಾ ಯಾವುವು? ಎಲ್ಲಿಂದ ಶುರು ಮಾಡಬೇಕು?

ಸಂಸ್ಕೃತಿಯೇ ಮುಖ್ಯವಾದರೆ 'ದಿ ಸೌಂಡ್ ಆಫ್ ಕ್ರಿಕೆಟ್ಸ್ ಅಟ್ ನೈಟ್' (2012) ಮೊದಲು ನೋಡಿ. ಜ್ಯಾಕ್ ನೀಡೆಂಥಾಲ್ ಮತ್ತು ಸುಜಾನ್ ಚುಟಾರೊ ನಿರ್ದೇಶನ. ಮಾತು ಮಾರ್ಷಲೀಸ್ ಭಾಷೆಯಲ್ಲಿ. ಬಿಕಿನಿ ಎಂಬ ಹವಳದ್ವೀಪದಿಂದ ಬೇರುಕಿತ್ತ ಕುಟುಂಬದ ಅಜ್ಜ, ಮೊಮ್ಮಗಳು, ಹಳೆಯ ದೈವ ಇದರ ಕಥೆಯಲ್ಲಿದ್ದಾರೆ.

ಸಾಕ್ಷ್ಯಚಿತ್ರಗಳಲ್ಲಿ ಅಣುಪರೀಕ್ಷೆಯದೇ ಮೇಲುಗೈ, ಅದಕ್ಕೆ ಕಾರಣವೂ ಇದೆ: 1946ರಿಂದ 1958ರವರೆಗೆ ಅಮೆರಿಕ ಬಿಕಿನಿ, ಎನಿವೆಟಾಕ್ ಭಾಗದಲ್ಲಿ 67 ಪರೀಕ್ಷೆ ನಡೆಸಿತು. ಆಸ್ಕರ್‌ಗೆ ನಾಮನಿರ್ದೇಶನಗೊಂಡ ರಾಬರ್ಟ್ ಸ್ಟೋನ್ ಅವರ 'ರೇಡಿಯೋ ಬಿಕಿನಿ'ಯನ್ನು ಗಮನವಿಟ್ಟು ನೋಡಬೇಕು. ದ್ವೀಪ ಬಿಡಲು ಜನ ಒಪ್ಪಿದರೆಂಬ ದೃಶ್ಯವನ್ನು ಅಮೆರಿಕನ್ ನೌಕಾಪಡೆ ಕ್ಯಾಮೆರಾಕ್ಕಾಗಿ ಮತ್ತೆ ಮತ್ತೆ ಚಿತ್ರಿಸಿತ್ತು. ಸ್ಟೋನ್ ಆ ಟೇಕ್‌ಗಳನ್ನೇ ಮುಂದಿಡುತ್ತಾರೆ. ಸುದ್ದಿಚಿತ್ರದಲ್ಲಿ ಸಮ್ಮತಿಯಂತೆ ಕಂಡದ್ದು ಇಲ್ಲಿ ನಾಟಕದ ತಾಲೀಮಾಗಿ ಕಾಣುತ್ತದೆ.

ಡೆನಿಸ್ ಒ'ರೂರ್ಕ್ ಅವರ 'ಹಾಫ್ ಲೈಫ್' 1954ರ ಮಾರ್ಚ್ 1ರಂದು ಬಿಕಿನಿಯಲ್ಲಿ ನಡೆದ 'ಬ್ರಾವೋ' ಹೈಡ್ರೋಜನ್ ಬಾಂಬ್ ಪರೀಕ್ಷೆಯ ವಿಕಿರಣ ಬೂದಿ ಬಿದ್ದ ರೊಂಗೆಲಾಪ್ ದ್ವೀಪದ ಜನರದ್ದು. ಅಲ್ಲಿನವರನ್ನು ತೆರವುಗೊಳಿಸಲು ಎರಡು ದಿನ ಹಿಡಿದದ್ದು ಏಕೆ ಎಂಬುದೇ ಚಿತ್ರದ ತಿರುಳು. ಚಿತ್ರ ವಾದಕ್ಕೇ ನಿಂತಿದೆ, ನನ್ನ ಮಟ್ಟಿಗೆ ಅದೇ ಅದರ ಬಲ.

ಕೊರತೆ ಎಲ್ಲಿ? ಹೊರಗಿನವರ ಚಿತ್ರಗಳಲ್ಲಿ ದ್ವೀಪದವರು ಬಹುಪಾಲು ಸಂತ್ರಸ್ತರಷ್ಟೇ. ದೋಣಿ ಕಟ್ಟುವ, ಅಲೆ ಓದಿ ದಿಕ್ಕು ಹಿಡಿಯುವ, ತಾಯಿಯ ಕಡೆಯಿಂದ ಭೂಮಿಯ ಹಕ್ಕು ಬರುವ ಸಮಾಜ ಹಿನ್ನೆಲೆಗೆ ಸರಿಯುತ್ತದೆ. ಆದ್ದರಿಂದ ಕವಯಿತ್ರಿ ಕ್ಯಾಥಿ ಜೆಟ್ನಿಲ್-ಕಿಜಿನರ್ ಅವರ ಪುಟ್ಟ ಕಾವ್ಯಚಿತ್ರ 'ಅನಾಯಿಂಟೆಡ್' (2018) ಬಿಡಬೇಡಿ. ವಿಕಿರಣ ತ್ಯಾಜ್ಯ ಮುಚ್ಚಿದ ರುನಿಟ್ ದ್ವೀಪದ ಕಾಂಕ್ರೀಟ್ ಗುಮ್ಮಟದ ಮೇಲೆ ನಿಂತು ಅವರೇ ಮಾತಾಡುತ್ತಾರೆ.