ಬುರ್ಜ್ ಖಲೀಫಾ ಗಾಳಿಗೆ ಬೀಳೋದಿಲ್ವಾ?

ಪ್ರಶ್ನೆ: ದುಬೈಲಿರುವ ಅಣ್ಣ ಬುರ್ಜ್ ಖಲೀಫಾದ ಫೋಟೋ ಕಳಿಸಿದ. ಇಲ್ಲಿ ನಮ್ಮ ಕೆಂಪುಕಲ್ಲಿನ ಮನೆಗೆ ಒಂದು ಮಾಳಿಗೆ ಎತ್ತುವಾ ಅಂದ್ರೆ ಇಂಜಿನಿಯರ್ ಪಿಲ್ಲರ್ ಹಾಕದೆ ಆಗ್ಲಿಕ್ಕಿಲ್ಲ ಅಂತಾರೆ. ಅಷ್ಟೆತ್ತರದ್ದು ಹೇಗೆ ನಿಂತದ್ದು, ಗಾಳಿಗೆ ಅಲ್ಲಾಡೋದಿಲ್ವಾ? (ಕುಂಬಳೆಯ ಓದುಗರು)

ಉತ್ತರ: ಅಲ್ಲಾಡ್ತದೆ. ಅಷ್ಟೆತ್ತರಕ್ಕೆ ಹೋದ್ರೆ ಭಾರಕ್ಕಿಂತ ದೊಡ್ಡ ತಲೆನೋವು ಗಾಳಿಯೇ ಮಾರಾಯ್ರೆ. ಭಾರ ಸೀದಾ ಕೆಳಗಿಳೀತದೆ, ಗಾಳಿ ಬದಿಯಿಂದ ತಳ್ತದೆ, ಎತ್ತರ ಡಬಲ್ ಆದ್ರೆ ಬುಡ ಮಗುಚುವ ಬಲ ನಾಲ್ಕು ಪಟ್ಟಿಗಿಂತ ಜಾಸ್ತಿ, ಯಾಕಂದ್ರೆ ಮೇಲೆ ಹೋದಷ್ಟು ಗಾಳಿಯೂ ಜೋರು.

ನಮ್ಮ ಹಾಗೆ ಗೋಡೆಗೇ ಭಾರ ಹೊರಿಸಿ ಶಿಕಾಗೋದಲ್ಲಿ 1891ರಲ್ಲಿ ಮೊನಾಡ್‌ನಾಕ್ ಅಂತ 16 ಮಾಳಿಗೆ ಕಟ್ಟಿದ್ರು, ಇಟ್ಟಿಗೆ ಗೋಡೆ ಬುಡದಲ್ಲಿ ಸುಮಾರು 6 ಅಡಿ ದಪ್ಪ, ಇನ್ನೂ ಎತ್ತರಿಸಿದ್ರೆ ಕೆಳಗೆ ರೂಮಿಗೆ ಜಾಗವೇ ಇಲ್ಲ. ಉಕ್ಕಿನ ಕಂಬ-ಬೀಮು ಬಂದ್ಮೇಲೆ ದಾರಿ ಬಿಟ್ಟಿತು, ನ್ಯೂಯಾರ್ಕಿನ ಎಂಪೈರ್ ಸ್ಟೇಟ್ ಬಿಲ್ಡಿಂಗ್ 1931ಕ್ಕೇ 381 ಮೀಟರ್. ಆಮೇಲೆ ಢಾಕಾದಲ್ಲಿ ಹುಟ್ಟಿದ ಫಜ್ಲುರ್ ರಹಮಾನ್ ಖಾನ್ ಕಂಬಗಳನ್ನ ಹೊರಗಿನ ಅಂಚಿಗೆ ಒತ್ತೊತ್ತಾಗಿ ತಂದ್ರು, ಇಡೀ ಬಿಲ್ಡಿಂಗೇ ಪೊಳ್ಳು ಕೊಳವೆಯ ಹಾಗೆ ಗಾಳಿಗೆ ಎದುರು ನಿಲ್ತದೆ. ಅಂಥ 9 ಕೊಳವೆ ಒಟ್ಟಿಗೆ ಸೇರಿಸಿದ್ದೇ ಶಿಕಾಗೋದ ಈಗಿನ ವಿಲ್ಲಿಸ್ ಟವರ್, 442 ಮೀಟರ್. ನನ್ನ ಪ್ರಕಾರ ಈ ಕಸುಬಿನಲ್ಲಿ ಅವರಷ್ಟು ದೊಡ್ಡ ತಲೆ ಬೇರೆ ಇಲ್ಲ.

ಬುರ್ಜ್‌ನ ಲೆಕ್ಕ ಬೇರೆ. ನಡುವೆ ಆರು ಮೂಲೆಯ ಕಾಂಕ್ರೀಟ್ ಗೋಡೆಯ ಕೋರ್, ಲಿಫ್ಟ್ ಇರೋದು ಅದರೊಳಗೆ, ಅದು ಬಿಲ್ಡಿಂಗ್ ತಿರುಚದ ಹಾಗೆ ತಡೀತದೆ. ಅದಕ್ಕೆ ಮೂರು ಕಡೆಯಿಂದ ಮೂರು ರೆಕ್ಕೆ ಆನಿಸಿ ನಿಂತಿವೆ, ಒಂದನ್ನ ಗಾಳಿ ತಳ್ಳಿದ್ರೆ ಉಳಿದೆರಡು ಹಿಡೀತವೆ. ಇಂಜಿನಿಯರ್ ಬಿಲ್ ಬೇಕರ್. ಅಡಿಯಲ್ಲಿ 3.7 ಮೀಟರ್ ದಪ್ಪದ ರಾಫ್ಟು, ಅಂದ್ರೆ ಇಡೀ ಬುಡಕ್ಕೆ ಹಾಸಿದ ಕಾಂಕ್ರೀಟ್ ಚಪ್ಪಡಿ, ಅದರ ಕೆಳಗೆ ಒಂದೂವರೆ ಮೀಟರ್ ಅಗಲದ ಪೈಲುಗಳು, ಅಂದ್ರೆ ನೆಲದಾಳಕ್ಕೆ ಇಳಿಸಿದ ಕಾಂಕ್ರೀಟ್ ಕಂಬಗಳು.

ಇನ್ನು ಅಲ್ಲಾಡೋ ವಿಷಯ. ಗಾಳಿ ಬಿಲ್ಡಿಂಗ್ ದಾಟುವಾಗ ಎಡಕ್ಕೊಮ್ಮೆ ಬಲಕ್ಕೊಮ್ಮೆ ಸುಳಿ ಬಿಡ್ತದೆ, ಆ ತಾಳ ಬಿಲ್ಡಿಂಗಿನ ತಾಳಕ್ಕೆ ಕೂಡಿತೋ, ಕೊನೆ ಕೊಯ್ಯುವವರು ಅಡಿಕೆ ಮರದ ತಲೆಯಲ್ಲಿ ಕೂತು ತೂಗಿ ತೂಗಿ ಪಕ್ಕದ ಮರ ಹಿಡೀತಾರಲ್ಲ, ಹಾಗೆ ತೂಗಾಟ ಏರ್ತಾ ಹೋಗ್ತದೆ. ಬುರ್ಜ್‌ನ ರೆಕ್ಕೆಗಳು ಬೇರೆ ಬೇರೆ ಎತ್ತರದಲ್ಲಿ ಕುಗ್ತಾ ಹೋಗೋದು ಚಂದಕ್ಕೆ ಮಾತ್ರ ಅಲ್ಲ, ಮೇಲೆ ಹೋಗ್ತಾ ಹೋಗ್ತಾ ಆಕಾರ ಬದಲಾದ್ರೆ ಸುಳಿಗಳಿಗೆ ಒಂದೇ ತಾಳ ಸಿಕ್ಕೋದಿಲ್ಲ. ತೈವಾನಿನ ತೈಪೆ 101 ಬಿಲ್ಡಿಂಗಿನಲ್ಲಾದ್ರೆ ತೂಗಾಟ ತಗ್ಗಿಸ್ಲಿಕ್ಕೆ ಮೇಲೆ 660 ಟನ್ನಿನ ಉಕ್ಕಿನ ಗುಂಡು ತೂಗುಹಾಕಿದ್ದಾರೆ, ಬುರ್ಜ್‌ಗೆ ಅಂಥದ್ದು ಬೇಕಾಗ್ಲಿಲ್ಲ.

ನಿಮ್ಮ ಮನೆಗೆ ಗಾಳಿಯ ಚಿಂತೆ ಬೇಡ, ಒಳ್ಳೆ ಕೆಂಪುಕಲ್ಲಿನ ಗೋಡೆ ಎರಡು ಮಾಳಿಗೆ ಹೊರ್ತದೆ. ಆದ್ರೆ ಪಾಯ ಒಂದೇ ಮಾಳಿಗೆಗೆ ಅಂತ ಹಾಕಿದ್ದಾದ್ರೆ ಇಂಜಿನಿಯರ್ ಹೇಳಿದ್ದೇ ಸರಿ. ಒಂದು ಮೂಲೆ ಅಗೆಸಿ ಪಾಯದ ಆಳ-ಅಗಲ ಅವರಿಗೆ ತೋರಿಸಿ, ಪಿಲ್ಲರಿನ ಮಾತು ಆಮೇಲೆ.